ಆಸ್ಪತ್ರೆಯ ಮೊದಲನೇ ಕೂಸು

ನಮ್ಮ ಆಸ್ಪತ್ರೆಗೆ ಐವತ್ತು ವರ್ಷ ತುಂಬುವ ಹಬ್ಬ ಹತ್ತಿರವಾದಾಗ ಮದರ್ ನನ್ನನ್ನು ಕೋಣೆಗೆ ಕರೆಸಿದರು. ಮದರ್ ಅಂದರೆ ಆಸ್ಪತ್ರೆ ನಡೆಸುವ ಕನ್ಯಾಸ್ತ್ರೀಯರಲ್ಲಿ ಹಿರಿಯರು. ನಾನು ಹೆರಿಗೆ ವಾರ್ಡಿನ ನರ್ಸು. ನಮ್ಮಲ್ಲಿ ಕನ್ಯಾಸ್ತ್ರೀಯರೂ ಸಿಸ್ಟರೇ, ನರ್ಸುಗಳೂ ಸಿಸ್ಟರೇ. ಯಾರಾದರೂ "ಸಿಸ್ಟರ್" ಎಂದು ಕೂಗಿದರೆ ಎಲ್ಲರೂ ಒಟ್ಟಿಗೆ ಓಡುತ್ತೇವೆ, ಇಲ್ಲವೇ ಇನ್ನೊಬ್ಬರು ಹೋಗುತ್ತಾರೆಂದು ಎಲ್ಲರೂ ನಿಲ್ಲುತ್ತೇವೆ. ಮದರ್ ಮಾತ್ರ ಒಬ್ಬರೇ, ಹಾಗಾಗಿ ಅವರು ಕರೆದರೆ ಗೊಂದಲವಿಲ್ಲ.

"ಈ ಆಸ್ಪತ್ರೆಯಲ್ಲಿ ಮೊದಲು ಹುಟ್ಟಿದ ಮಗುವನ್ನು ವೇದಿಕೆಗೆ ಕರೆದು ಬಿಷಪ್ಪರ ಕೈಯಲ್ಲಿ ಶಾಲು ಹೊದಿಸಬೇಕು," ಎಂದರು ಮದರ್, ತಮಿಳಿನಲ್ಲಿ. "ಮೊದಲು ಬಂದ ಸಿಸ್ಟರುಗಳು ಯಾರೂ ಈಗಿಲ್ಲ. ಆ ಕಾಲದ ಕಾಗದವೂ ಉಳಿದಿಲ್ಲ. ನಿನಗೆ ಕನ್ನಡ ಬರುತ್ತದಲ್ಲ, ಸುತ್ತಲಿನ ಹಟ್ಟಿಗಳಲ್ಲಿ ಕೇಳಿ ನೋಡು."

ಆಸ್ಪತ್ರೆ ಶುರುವಾದಾಗ ತಮಿಳು ಸೀಮೆಯ ಈ ಮೂಲೆಯಲ್ಲಿ ಸುತ್ತ ಇದ್ದದ್ದು ಕುರಿ ಸಾಕುವ ಕನ್ನಡದವರ ಹಟ್ಟಿಗಳೇ. ನಮ್ಮದೂ ಅವುಗಳಲ್ಲಿ ಒಂದು. ನಾನು ನಕ್ಕು, "ಹುಡುಕುವುದೇ ಬೇಡ ಮದರ್, ಆ ಮಗು ನಮ್ಮ ಮನೆಯಲ್ಲೇ ಇದೆ, ನಮ್ಮಪ್ಪ," ಎಂದೆ.

ಅಪ್ಪ ಇದನ್ನು ನನ್ನ ಚಿಕ್ಕಂದಿನಿಂದ ಹೇಳಿಕೊಂಡು ಬಂದವನು. ಜ್ವರಕ್ಕೆ ಬಂದರೂ ಸಾಲಿನಲ್ಲಿ ನಿಲ್ಲುತ್ತಿರಲಿಲ್ಲ. "ನಾನು ಇಲ್ಲೇ ಉಟ್ಟೋನು, ಮೊದಲ್ನೇ ಕೂಸು," ಎಂದು ಬಾಗಿಲಿನ ವಾಚ್‌ಮನ್ನಿಗೆ ಹೇಳುವನು. ವಾಚ್‌ಮನ್, "ಸರಿ ಅಣ್ಣ, ಮೊದಲು ಉಟ್ಟಿದ್ದೀರ, ಟೋಕನ್ ಮಾತ್ರ ಈಗ ತಗೊಳ್ಳಿ," ಎನ್ನುವನು.

ಮದರ್‌ಗೆ ಸಂತೋಷವಾಯಿತು. ಆದರೆ ಎರಡು ದಿನ ಕಳೆಯುವುದರೊಳಗೆ ಪಾಲಕೋಡ್ ಮಾರ್ಕೆಟ್ಟಿನ ಟೊಮ್ಯಾಟೊ ವ್ಯಾಪಾರಿಯೊಬ್ಬರು ಕ್ರೇಟು ಕ್ರೇಟು ಟೊಮ್ಯಾಟೊ ಇಳಿಸಿಕೊಂಡು ಮದರ್ ಕೋಣೆಯ ಮುಂದೆ ಕೂತಿದ್ದರು. ಅವರೂ ನಮ್ಮ ಪಕ್ಕದ ಹಟ್ಟಿಯವರೇ, ಅಪ್ಪನ ವಾರಿಗೆಯವರು. ಮೊದಲನೇ ಕೂಸು ತಾನೆಂದು ಅವರ ವಾದ. ಮದರ್ ಹೌದು ಎನ್ನಲಿಲ್ಲ, ಅಲ್ಲ ಎನ್ನಲಿಲ್ಲ. ಟೊಮ್ಯಾಟೊ ಮಾತ್ರ ವಾಪಸು ಹೋಗಲಿಲ್ಲ. ಆ ವಾರವೆಲ್ಲ ನಮ್ಮ ನರ್ಸುಗಳ ಹಾಸ್ಟೆಲಿನಲ್ಲಿ ಟೊಮ್ಯಾಟೊ ಚಟ್ನಿ, ಟೊಮ್ಯಾಟೊ ಸಾರು, ಟೊಮ್ಯಾಟೊ ಬಾತು.

ಸುದ್ದಿ ಕೇಳಿ ಅಪ್ಪ ಬಂದ. ಗೇಟಿನ ಎದುರಿನ ಟೀ ಅಂಗಡಿಯಲ್ಲಿ ಇಬ್ಬರೂ ಎದುರಾದರು. ನಾನು ಯೂನಿಫಾರಮ್ಮಿನಲ್ಲೇ ಓಡಿಬಂದೆ.

"ಲೇ, ನೀನು ಉಟ್ಟಿದ್ದು ಕಡಲೆಕಾಯಿ ಕೀಳೋ ಕಾಲ್ದಾಗೆ," ಎಂದ ಅಪ್ಪ. "ನಾನು ಅದಕ್ಕೂ ಮುಂಚೆ, ರಾಗಿ ಬಿತ್ತೋವಾಗ."

"ಯಾವ ವರ್ಷದ ರಾಗಿ ಅಂತ ಏಳು," ಎಂದರು ವ್ಯಾಪಾರಿ. ವರ್ಷ ಇಬ್ಬರಿಗೂ ಗೊತ್ತಿರಲಿಲ್ಲ. ಆಧಾರ್ ಕಾರ್ಡಿನಲ್ಲಿ ಇಬ್ಬರದೂ ಜನವರಿ ಒಂದು.

ಟೀ ಅಂಗಡಿಯವನು, "ನಿಮ್ಮವ್ವ ಗಟ್ಟಿಯಾಗಿದಾರಲ್ಲಣ್ಣ, ಅವರನ್ನೇ ಕೇಳಿ," ಎಂದ. ವ್ಯಾಪಾರಿಯ ತಾಯಿ ತೀರಿಕೊಂಡು ಬಹಳ ಕಾಲವಾಗಿತ್ತು. ಆ ಕಾಲದ ಸಾಕ್ಷಿಯಾಗಿ ಉಳಿದಿದ್ದವಳು ನಮ್ಮಜ್ಜಿ ಒಬ್ಬಳೇ. ವ್ಯಾಪಾರಿಯ ಸಣ್ಣ ಲಾರಿಯಲ್ಲೇ ಮೂವರೂ ಹಟ್ಟಿಗೆ ಹೋದೆವು. ದಾರಿಯುದ್ದಕ್ಕೂ ಇಬ್ಬರ ನಡುವೆ ನಾನು ಗೇರಿಗೆ ಮೊಣಕಾಲು ತಗಲದ ಹಾಗೆ ಮುದುರಿಕೊಂಡು ಕೂತಿದ್ದೆ.

ಅಜ್ಜಿ ಅಂಗಳದಲ್ಲಿ ಕುರಿಮರಿಗೆ ಸೊಪ್ಪು ತಿನ್ನಿಸುತ್ತಿದ್ದಳು.

"ಅವ್ವ, ಆಸ್ಪತ್ರೆಲಿ ಮೊದಲು ಉಟ್ಟಿದ್ದು ನಾನೇ ತಾನೆ? ಇವನಿಗೆ ಏಳು," ಎಂದ ಅಪ್ಪ.

"ಇಲ್ಲ," ಎಂದಳು ಅಜ್ಜಿ.

ವ್ಯಾಪಾರಿಯ ಮುಖ ಅರಳಿತು. "ಅಂಗಾರೆ ನಾನೇ."

"ನೀನೂ ಇಲ್ಲ. ನಿನ್ನ ಎರೋಕೆ ನಿಮ್ಮವ್ವ ಓದಾಗ ಜತೇಲಿ ಓಗಿದ್ದು ನಾನೇ. ಅಷ್ಟೊತ್ತಿಗೆ ನನ್ನ ಮಗಳು ನಡೀತಿದ್ಲು. ಮೊದಲ್ನೇದು ಅವಳು."

ಅಪ್ಪನಿಗೆ ಅರ್ಥವಾಗಲಿಲ್ಲ. "ಅಕ್ಕ ಉಟ್ಟಿದ್ದು ನಿನ್ನ ತವರಲ್ಲಿ ಅಲ್ವಾ?"

"ಅಂಗಂತ ಏಳಿದ್ದೆ."

"ಯಾರಿಗೆ?"

"ನಮ್ಮತ್ತೆಗೆ."

ಆಮೇಲೆ ಅಜ್ಜಿ ಸೊಪ್ಪನ್ನು ಪಕ್ಕಕ್ಕಿಟ್ಟು ಇದ್ದದ್ದನ್ನೆಲ್ಲ ಹೇಳಿದಳು.

ಆಗ ಆಸ್ಪತ್ರೆ ಎಂದರೆ ಒಂದು ತಗಡಿನ ಶೆಡ್ಡು. ಕೇರಳದಿಂದ ಬಂದ ಇಬ್ಬರು ಸಿಸ್ಟರುಗಳು, ಒಬ್ಬರು ಡಾಕ್ಟರು, ಇನ್ನೊಬ್ಬರು ನರ್ಸು. ಅವರ ಹತ್ತಿರ ಹೋದರೆ ತಲೆಗೆ ನೀರು ಚಿಮುಕಿಸಿ ಹೆಸರು ಬದಲಾಯಿಸಿಬಿಡುತ್ತಾರೆ ಎಂದು ಹಟ್ಟಿಗಳಲ್ಲಿ ಮಾತು. ಹಾಗಾಗಿ ಮನುಷ್ಯರು ಹೋಗುತ್ತಿರಲಿಲ್ಲ, ಕಾಲು ಮುರಿದ ಕುರಿಗಳನ್ನು ಮಾತ್ರ ಹೊತ್ತುಕೊಂಡು ಹೋಗುತ್ತಿದ್ದರು. ಕುರಿಯ ಹೆಸರು ಬದಲಾದರೆ ಯಾರಿಗೇನು ನಷ್ಟ? ಡಾಕ್ಟರ್ ಸಿಸ್ಟರ್ ಬೇಸರವಿಲ್ಲದೆ ಕಟ್ಟು ಹಾಕಿ ಕಳಿಸುತ್ತಿದ್ದರಂತೆ.

ಅಜ್ಜಿ ಚೊಚ್ಚಲ ಹೆರಿಗೆಗೆಂದು ತಮ್ಮನ ಜೊತೆ ಗಾಡಿಯಲ್ಲಿ ಕಾರಿಮಂಗಲಂ ಕಡೆಯ ತವರಿಗೆ ಹೊರಟಿದ್ದಳು. ಶೆಡ್ಡಿನ ಹತ್ತಿರ ಬರುವಷ್ಟರಲ್ಲಿ ನೋವು ಬಂತು. ತಮ್ಮ ಹೆದರಿ ಗಾಡಿಯನ್ನು ಅಲ್ಲೇ ನಿಲ್ಲಿಸಿ, ಅಕ್ಕನನ್ನು ಇಳಿಸಿ, ಎತ್ತುಗಳಿಗಿಂತ ದೂರ ಹೋಗಿ ನಿಂತುಕೊಂಡ.

"ಒಳಗೆ ಮಲಗಿಸಿ ಆ ಡಾಕ್ಟರಮ್ಮ ಒಂದೇ ಸಮ ಮುಕ್ಕು, ಮುಕ್ಕು ಅಂತಾಳೆ," ಎಂದಳು ಅಜ್ಜಿ. "ಬಾಯಿಗೆ ಏನೂ ಕೊಟ್ಟಿಲ್ಲ, ಏನ್ ಮುಕ್ಲಿ? ಪ್ರಾಣ ಓಗ್ತೈತೆ, ಈವಮ್ಮ ತಿನ್ನು ತಿನ್ನು ಅಂತವ್ಳೆ ಅಂತ ನಂಗೆ ಕ್ವಾಪ ಬಂತು. ಮೊದ್ಲು ತಟ್ಟೆ ತತ್ತಾ ಅಂತ ಕಿರಿಚಿದೆ. ಕಿರಿಚಿದ್ದಕ್ಕೇ ಕೂಸು ಬಂತು."

ತಮಿಳಿನಲ್ಲಿ ಮುಕ್ಕು ಅಂದರೆ ತಿಣುಕು ಎಂದು ಅಜ್ಜಿಗೆ ಆಗ ತಿಳಿದಿರಲಿಲ್ಲ. ಇವತ್ತಿಗೂ ನಾನು ಹೆರಿಗೆ ಕೋಣೆಯಲ್ಲಿ ದಿನವಿಡೀ ಹೇಳುವ ಮಾತು ಅದೇ. ನನಗೆ ನಗು ತಡೆಯಲಾಗಲಿಲ್ಲ. ವ್ಯಾಪಾರಿಯೂ ನಕ್ಕರು. ಅಪ್ಪ ನಗಲಿಲ್ಲ.

ಎರಡು ದಿನ ಬಿಟ್ಟು ಅಜ್ಜಿ ಕೂಸಿನ ಸಮೇತ ತವರಿಗೆ ಹೋದಳು. ಶೆಡ್ಡಿನ ಮಾತು ಅತ್ತೆಯ ಕಿವಿಗೆ ಬೀಳಬಾರದೆಂದು ಅಜ್ಜಿ, ಅವಳ ತಾಯಿ, ತಮ್ಮ ಮೂವರೂ ಮಾತಾಡಿಕೊಂಡರು. ವಿಚಿತ್ರವೆಂದರೆ ಮುಂದಿನ ವರ್ಷ ಅದೇ ಅತ್ತೆಗೆ ಹಲ್ಲುನೋವು ಬಂತು. ತಾಳಲಾರದೆ ಶೆಡ್ಡಿಗೆ ಹೋಗಿ ಹಲ್ಲು ಕೀಳಿಸಿಕೊಂಡು ಬಂದವಳು, ಕಿತ್ತ ಹಲ್ಲನ್ನು ಮನೆಮನೆಗೆ ಕೊಂಡೊಯ್ದು ತೋರಿಸಿ ಸಿಸ್ಟರುಗಳನ್ನು ಹೊಗಳಿದಳು. ಆಮೇಲೆ ಹಟ್ಟಿಯ ಹೆಂಗಸರೆಲ್ಲ ಹೋಗತೊಡಗಿದರು. ಅಪ್ಪ ಹುಟ್ಟುವಾಗ ಸೊಸೆಯನ್ನು ಕರೆದುಕೊಂಡು ಹೋದದ್ದೂ ಅವಳೇ. ತನ್ನ ಮೊಮ್ಮಗನೇ ಅಲ್ಲಿ ಹುಟ್ಟಿದ ಮೊದಲನೇ ಕೂಸು ಎಂದು ಊರೆಲ್ಲ ಹೇಳಿದ್ದೂ ಅವಳೇ.

"ನಿಮ್ಮತ್ತೆ ಸತ್ತು ಎಷ್ಟು ಕಾಲ ಆಯ್ತವ್ವ, ಆಮೇಲಾದ್ರೂ ಏಳಬಾರ್ದಾ?" ಎಂದ ಅಪ್ಪ.

"ಯಾರು ಕೇಳಿದ್ರಿ?" ಎಂದು ಅಜ್ಜಿ ಮತ್ತೆ ಸೊಪ್ಪು ಕೈಗೆತ್ತಿಕೊಂಡಳು.

ನನ್ನ ಅತ್ತೆಯನ್ನು, ಅಂದರೆ ಅಪ್ಪನ ಅಕ್ಕನನ್ನು, ಪಾಪಿರೆಡ್ಡಿಪಟ್ಟಿಗೆ ಕೊಟ್ಟಿದೆ. ಅಪ್ಪ ಅಲ್ಲಿಂದಲೇ ಫೋನ್ ಹಚ್ಚಿ ಸ್ಪೀಕರಿಗೆ ಹಾಕಿದ. ವಿಷಯ ಹೇಳಿದರೆ ಅತ್ತೆಗೆ ಆಶ್ಚರ್ಯವೇ ಇಲ್ಲ.

"ನಂಗೊತ್ತು," ಎಂದಳು. "ನನ್ನ ಮದುವೆ ದಿನ ಅವ್ವ ಏಳಿದ್ಲು."

"ಗೊತ್ತಿದ್ದೂ ಯಾಕಕ್ಕ ಬಾಯಿ ಬಿಡ್ಲಿಲ್ಲ?"

"ನೀನು ಎಲ್ಲರತ್ರ ಏಳ್ಕೊಂಡು ಕುಸಿಯಾಗಿದ್ದೆ. ಇರ್ಲಿ ಬಿಡು ಅಂತ ಸುಮ್ನಿದ್ದೆ."

ಮರುಕ್ಷಣವೇ ಅತ್ತೆ, "ಆ ವಿಳಾ, ಆಸ್ಪತ್ರೆ ಅಬ್ಬ, ಯಾವತ್ತು? ಇಲ್ಲಿ ಮರಗೆಣಸು ಕೀಳ್ತಾವ್ರೆ. ಬುಧವಾರ ಆದ್ರೆ ನಂಗೆ ಆಗಲ್ಲ, ಬಿಷಪ್ಪಿಗೆ ಏಳಿಬಿಡು," ಎಂದಳು. ಪುಣ್ಯಕ್ಕೆ ಹಬ್ಬವಿದ್ದದ್ದು ಶನಿವಾರ.

ಶನಿವಾರ ಅತ್ತೆ ಒಂದು ಮೂಟೆ ಮರಗೆಣಸಿನ ಸಮೇತ ಬಸ್ಸಿಳಿದಳು. ಅಪ್ಪ ಇಸ್ತ್ರಿ ಮಾಡಿದ ಬಿಳಿ ಪಂಚೆ ಉಟ್ಟು, ಸ್ವಾಗತಕ್ಕೆ ನಿಂತವರಿಗೆಲ್ಲ "ನಾನು ಮೊದಲ್ನೇ ಕೂಸಿನ ತಮ್ಮ," ಎಂದು ಹೇಳಿಕೊಂಡು ಮುಂದಿನ ಸಾಲಿನಲ್ಲೇ ಕುರ್ಚಿ ಹಿಡಿದ. ಪಕ್ಕದಲ್ಲೇ ವ್ಯಾಪಾರಿ. ಇಬ್ಬರೂ ಸೋತಿದ್ದರಿಂದ ಇಬ್ಬರಿಗೂ ಸಮಾಧಾನವಾಗಿತ್ತು. ಒಂದೇ ಪೊಟ್ಟಣದಿಂದ ಕಡಲೆಬೀಜ ತಿನ್ನುತ್ತಿದ್ದರು.

ಬಿಷಪ್ಪು ಶಾಲು ಹೊದಿಸಿದರು. ಎರಡು ಮಾತು ಹೇಳಿ ಎಂದು ಮದರ್ ಅತ್ತೆಯ ಕೈಗೆ ಮೈಕು ಕೊಟ್ಟರು. ಎಲ್ಲರೂ ವಂದನೆ ಹೇಳುತ್ತಾಳೆಂದು ಕಾದಿದ್ದರು. ಅತ್ತೆ ಅರ್ಧ ತಮಿಳು ಅರ್ಧ ಕನ್ನಡದಲ್ಲಿ ಶುರು ಮಾಡಿದಳು.

"ನಾನು ಉಟ್ಟಾಗ ಇಲ್ಲಿ ಶೆಡ್ಡು ಇತ್ತಂತೆ. ಈಗ ಮೂರು ಮಾಳಿಗೆ ಐತೆ, ಲಿಫ್ಟು ಐತೆ, ರೊಂಬ ಸಂತೋಷಂ. ಆದ್ರೆ ರೋಗಿ ಜತೆ ಬಂದವರು ಗೋಡೆ ಇಂದೆ ಮೂರು ಕಲ್ಲಿಟ್ಟು ಗಂಜಿ ಕಾಯಿಸ್ತಾವ್ರೆ. ಮಳೆ ಬಂದ್ರೆ ಗಂಜೀನೂ ಓಯ್ತು, ಒಲೆನೂ ಓಯ್ತು. ಓದ ವರ್ಷ ನನ್ನ ಮಗಳ ಬಾಣಂತನದಾಗೆ ನಾನೂ ಅಲ್ಲೇ ನೆನೆದೆ. ಅದಕ್ಕೊಂದು ಶೆಡ್ಡು ಆಕ್ಸಿ. ಶಾಲು ನಂಗೆ ಮನೇಲಿ ಬೇಕಾದಷ್ಟು ಐತೆ."

ಮೈಕು ಮದರ್ ಕೈಗೆ ವಾಪಸು ಬಂತು. ಮೊದಲು ಚಪ್ಪಾಳೆ ತಟ್ಟಿದವರು ಹಿಂದೆ ನಿಂತಿದ್ದ ರೋಗಿಗಳ ಕಡೆಯವರು. ಆಮೇಲೆ ಬಿಷಪ್ಪು ಜೋರಾಗಿ ನಕ್ಕರು, ಪಕ್ಕಕ್ಕೆ ಬಾಗಿ ಮದರ್ ಕಿವಿಯಲ್ಲಿ ಏನೋ ಹೇಳಿದರು. ಮದರ್ ತಲೆಯಾಡಿಸಿದರು. ಪೊಂಗಲ್ ಹಬ್ಬ ಬರುವಷ್ಟರಲ್ಲಿ ಗೋಡೆಯ ಹಿಂದೆ ಶೀಟು ಹೊದಿಸಿದ ಅಡುಗೆಯ ಜಾಗ ಬಂತು, ಎರಡು ನಲ್ಲಿಯ ಜೊತೆ.

ಆ ಶನಿವಾರ ಊಟವಾದ ಮೇಲೆ, ಅಪ್ಪನ ಜೊತೆ ಬಂದಿದ್ದ ಅಜ್ಜಿ, ಹಳೇ ಶೆಡ್ಡು ಇದ್ದ ಜಾಗ ತೋರಿಸು ಎಂದಳು. ಅಲ್ಲಿ ಈಗ ಎಕ್ಸ್‌ರೇ ಕೋಣೆಯಿದೆ. ಕೈ ಹಿಡಿದು ಕರೆದುಕೊಂಡು ಹೋದೆ. ಅಜ್ಜಿ ಬಾಗಿಲಲ್ಲಿ ನಿಂತು ಮೆಷಿನ್ನನ್ನು ನೋಡಿದಳು, ಚಾವಣಿಯನ್ನು ನೋಡಿದಳು, ನೆಲವನ್ನು ಚಪ್ಪಲಿ ಬಿಟ್ಟ ಕಾಲಿನಿಂದ ಮೆಲ್ಲಗೆ ಸವರಿದಳು. ಅವಳ ಕಣ್ಣು ಒದ್ದೆಯಾಗುತ್ತದೇನೋ ಎಂದುಕೊಂಡೆ.

"ಬಿಸಿಲು ಬೀಳಲ್ಲ ಇಲ್ಲಿ, ತಣ್ಣಗೈತೆ," ಎಂದು ಅಲ್ಲಿದ್ದ ಬೆಂಚಿನ ಮೇಲೆ ಕೂತು, ಸೆರಗು ಸರಿಸಿ ತೋಳು ಚಾಚಿದಳು. "ಬಂದಿದ್ದಂತೂ ಆಯ್ತಲ್ಲ ಮಗಾ, ಬೀಪಿ ನೋಡ್ಬಿಡು."