ಓಟದ ಮೊದಲು ಕುಡಿಯದ ಹಾಲು

ಓಡಿದರೆ ಮೈ ಕರಗುತ್ತದೆ. ಇದು ಸುಳ್ಳಲ್ಲ. ನನ್ನ ಮೈ ಕರಗಿದ್ದನ್ನು ನಾನೇ ಕಂಡಿದ್ದೇನೆ. ಆದರೆ ಓಡುವವನ ಮೈ ಬೆಳೆಯುವುದೇ ಇಲ್ಲ ಅನ್ನುತ್ತಾರಲ್ಲ, ಅದು ಸುಳ್ಳು. ಇಷ್ಟು ತಿಳಿಯಲು ನನಗೆ ಎರಡು ವರ್ಷ ಹಿಡಿಯಿತು.

ನಮ್ಮದು ಇಳಕಲ್ಲಿನಲ್ಲಿ ಮಗ್ಗದ ಓಣಿ. ಅಪ್ಪ ಮಾತ್ರ ನೇಕಾರನಲ್ಲ. ಊರ ಹೊರಗಿನ ಕೆಂಪು ಕಲ್ಲಿನ ಕ್ವಾರಿಯಲ್ಲಿ ಚಾಣ, ಸುತ್ತಿಗೆ ಹಿಡಿದವನು. ಅವ್ವ ಪಕ್ಕದ ಮಗ್ಗದವರಿಗೆ ಕಂಡಿಕೆಗೆ ನೂಲು ಸುತ್ತಿ ಕೊಡುತ್ತಿದ್ದಳು. ನನಗೆ ಮೀಸೆ ಮೂಡುವ ಹೊತ್ತಿಗೆ ಅಪ್ಪನ ಎದೆಯಲ್ಲಿ ಕಲ್ಲಿನ ಧೂಳು ಕೂತಿತ್ತು. ಬೆಳಿಗ್ಗೆ ವಿಭೂತಿ ಹಚ್ಚಿಕೊಂಡು ಲಿಂಗಪೂಜೆಗೆ ಕುಳಿತರೆ ನಡುನಡುವೆ ನಿಲ್ಲಿಸಿ ಉಸಿರು ಹುಡುಕುತ್ತಿದ್ದ. ದವಾಖಾನೆಯವರು ಇನ್ನು ಕ್ವಾರಿಗೆ ಹೋಗಬೇಡ ಅಂದರು. ಅವನು ಮನೆಯಲ್ಲಿ ಕುಳಿತ ವಾರವೇ ಕ್ವಾರಿಯ ಮೇಸ್ತ್ರಿ ಬಂದು, ಅಪ್ಪನ ಬದಲು ನನ್ನನ್ನು ಕಳಿಸಲು ಕೇಳಿದ. ಅಪ್ಪ ಹೊಸ್ತಿಲಲ್ಲೇ ಅವನನ್ನು ನಿಲ್ಲಿಸಿದ.

"ಅಂವಾ ಬರೂದಿಲ್ರಿ. ಅಂವಾ ಮಿಲಿಟ್ರಿಗೆ ಹೋಗ್ತಾನ."

ಮಿಲಿಟರಿ ಅನ್ನುವ ಮಾತನ್ನು ಅವತ್ತಿನವರೆಗೆ ನಮ್ಮ ಮನೆಯಲ್ಲಿ ಯಾರೂ ಆಡಿರಲಿಲ್ಲ. ಅಪ್ಪ ಬಾಯಿಗೆ ಬಂದದ್ದು ಅಂದಿದ್ದ. ಅಂದ ಮೇಲೆ ಅದೇ ಗಟ್ಟಿಯಾಯಿತು.

ನನಗೂ ಅದು ದೊಡ್ಡದೆನಿಸಲಿಲ್ಲ. ನಾನು ಗರಡಿ ಮನೆಯ ಹುಡುಗ. ಕತ್ತು, ತೋಳು, ತೊಡೆ ಎಲ್ಲ ತುಂಬಿಕೊಂಡಿದ್ದವು. ಗರಡಿ ನಡೆಸುತ್ತಿದ್ದವರನ್ನು ನಾವು ವಸ್ತಾದ್ ಅನ್ನುತ್ತಿದ್ದೆವು. ವಯಸ್ಸಾದ ಮುಸಲ್ಮಾನರು, ಒಂದು ಕಾಲದಲ್ಲಿ ಸುತ್ತಲಿನ ಊರುಗಳಲ್ಲಿ ಹೆಸರು ಮಾಡಿದ ಪೈಲ್ವಾನರು. ಸಂಜೆ ಹನುಮಪ್ಪನ ಫೋಟೋದ ಮುಂದೆ ಊದು ಹಾಕಿ, ಕೆಮ್ಮಣ್ಣು ಹಣೆಗೆ ಮುಟ್ಟಿಸಿ, ನಮ್ಮನ್ನು ಮಣ್ಣಿಗೆ ಇಳಿಸುತ್ತಿದ್ದರು. ನಮ್ಮ ಓಣಿಯಲ್ಲಿ ಒಂದು ಪದ್ಧತಿ ಇತ್ತು. ಓಣಿಗೆ ಒಬ್ಬ ಪೈಲ್ವಾನ. ಅವನಿಗೆ ಹಾಲು ಓಣಿಯವರದು. ಇವತ್ತು ಈ ಮನೆ, ನಾಳೆ ಆ ಮನೆ ಅಂತ ಪಾಳಿ ಹಚ್ಚಿ ಕೊಡುತ್ತಿದ್ದರು. ಆ ಹಾಲು ನನಗೆ ಬರುತ್ತಿತ್ತು. ಹಾಗಾಗಿ ನನ್ನ ಮೈ ನನ್ನೊಬ್ಬನದು ಆಗಿರಲಿಲ್ಲ. ದಾರಿಯಲ್ಲಿ ಹೋದರೆ ಯಾರು ಬೇಕಾದರೂ ಹಿಡಿದು ನಿಲ್ಲಿಸಿ ತೋಳು ಹಿಸುಕಿ ನೋಡುತ್ತಿದ್ದರು.

ಮೊದಲ ಸಲ ಬಾಗಲಕೋಟೆಗೆ ಮಿಲಿಟರಿ ಭರ್ತಿಯವರು ಬಂದಾಗ ವಸ್ತಾದರೇ ನನ್ನ ಜೊತೆ ಬಂದರು. ಬೆಳಿಗ್ಗೆ ಒಂದು ತಂಬಿಗೆ ಹಾಲಿಗೆ ಬದಾಮಿ ಅರೆದು ಹಾಕಿ, ಮೇಲೆ ತುಪ್ಪ ಬಿಟ್ಟು ಕುಡಿಸಿದರು. ಮೊದಲು ತೂಕ, ಆಮೇಲೆ ಎದೆ ಅಳತೆ, ಕೊನೆಗೆ ಓಟ. ತೂಕ ಬಂತು. ಎದೆಯೂ ಬಂತು. ಉಸಿರು ಬಿಟ್ಟಾಗ ಒಂದು ಅಳತೆ, ಎಳೆದುಕೊಂಡಾಗ ಒಂದು ಅಳತೆ. ಅಳೆದವನು ಬೆನ್ನು ತಟ್ಟಿ ಮುಂದೆ ಕಳಿಸಿದ. ಮೈದಾನದ ಸುತ್ತ ಓಡಲು ಬಿಟ್ಟರು. ಎರಡನೇ ಸುತ್ತಿನಲ್ಲಿ ತೊಡೆ ಕಲ್ಲಾದವು. ಮೂರನೇ ಸುತ್ತಿನಲ್ಲಿ ಹಾಲು ಬಾಯಿಗೆ ಬಂತು. ಎಲ್ಲರೆದುರು ಮಂಡಿಯೂರಿ ಕಾರಿಕೊಂಡೆ. ಕಡ್ಡಿಯಂಥ ಹುಡುಗರು ನನ್ನನ್ನು ದಾಟಿ ಹೋದರು.

ಮನೆಗೆ ಬಂದಾಗ ಅಪ್ಪ ಬೈಯಲಿಲ್ಲ. ಎದೆ ಹೇಗೆ ಅಳೆಯುತ್ತಾರೆ ಎಂದು ಕೇಳಿದ. ಹೇಳಿದೆ. ಅವನು ಹೆಗಲ ಮೇಲಿನ ಟವೆಲ್ಲನ್ನು ತನ್ನ ಎದೆಗೆ ಸುತ್ತಿ, ಎರಡೂ ತುದಿ ಬೆರಳಲ್ಲಿ ಹಿಡಿದು ಉಸಿರೆಳೆದ. ಟವೆಲ್ಲು ಅಲ್ಲಾಡಲಿಲ್ಲ. ಇನ್ನೊಮ್ಮೆ ಎಳೆದ. ಆಮೇಲೆ ಅದನ್ನು ಬಿಚ್ಚಿ ಮಡಚಿ ಇಟ್ಟ.

ಮರುದಿನದಿಂದ ಓಡಲು ಸುರು ಮಾಡಿದೆ. ಬೆಳಕು ಹರಿಯುವಾಗ ಎದ್ದು ಗುಡೂರಿನ ದಾರಿ ಹಿಡಿಯುತ್ತಿದ್ದೆ. ನನಗೆ ಬೇರೆ ಏನೂ ಗೊತ್ತಿರಲಿಲ್ಲ. ಓಟದಲ್ಲಿ ಸೋತೆ, ಓಡಬೇಕು, ಅಷ್ಟೇ. ದಿನಾ ಓಡಿದೆ, ನೋವಿದ್ದರೂ ಓಡಿದೆ, ಜ್ವರ ಬಂದಾಗಲೂ ಓಡಿದೆ. ಸಂಜೆ ಗರಡಿಗೆ ಹೋದರೆ ದಂಡ ಹೊಡೆಯಲು ತೋಳಲ್ಲಿ ಕಸುವು ಇರುತ್ತಿರಲಿಲ್ಲ. ಮಳೆಗಾಲ ಮುಗಿಯುವಷ್ಟರಲ್ಲಿ ಅಂಗಿ ಸಡಿಲಾಯಿತು. ಕತ್ತಿನ ಎಲುಬು ಕಾಣತೊಡಗಿದವು. ಎಮ್ಮೆ ಕಟ್ಟಿದ್ದ ಎದುರು ಮನೆಯ ಮುದುಕಿ ಒಂದು ದಿನ ಹಾಲಿನ ಚೆಂಬನ್ನು ಹಿಂದಕ್ಕೆ ಹಿಡಿದುಕೊಂಡೇ ಕೇಳಿದಳು:

"ನಮ್ಮ ಎಮ್ಮಿ ಹಾಲು ಗುಡೂರ ಹಾದ್ಯಾಗ ಸುರುವಿ ಬರ್ತೀ ಏನೋ ತಮ್ಮಾ? ಅಲ್ಲೇ ಒಂದು ಎಮ್ಮಿ ಕಟ್ಟಸ್ಕೋ ಹಂಗಾರ."

ಓಣಿ ನಕ್ಕಿತು. ವಸ್ತಾದರು ನಗಲಿಲ್ಲ. ಓಡುವುದು ಕುದುರೆಯ ಕೆಲಸ, ಪೈಲ್ವಾನನದಲ್ಲ, ಇವತ್ತಿಗೆ ಬಿಡು ಅಂದರು. ನಾನು ಬಿಡಲಿಲ್ಲ. ಆ ಚಳಿಗಾಲದಲ್ಲಿ ಬಾದಾಮಿಯಲ್ಲಿ ಒಂದು ಕುಸ್ತಿ ಇತ್ತು. ಹಿಂದಿನ ವರ್ಷ ನಾನು ಕೆಡವಿದ್ದ ಹುಡುಗನೇ ಎದುರು ಜೋಡಿ. ನನ್ನ ಉಸಿರು ಒಂದಿಷ್ಟೂ ಏರಲಿಲ್ಲ, ಅದು ಖರೆ. ಆದರೆ ಉಸಿರು ಏರುವಷ್ಟು ಹೊತ್ತು ಅವನು ಬಿಡಬೇಕಲ್ಲ. ಕೈ ಕೂಡಿಸಿದವನೇ ನನ್ನ ಕತ್ತು ಅದುಮಿ, ಚೀಲ ಎತ್ತಿದಂತೆ ಎತ್ತಿ ಒಗೆದ. ಮಣ್ಣಲ್ಲಿ ಮಲಗಿ ಮೇಲೆ ನೋಡಿದರೆ ಗುಡ್ಡದ ಕೆಂಪು ಬಂಡೆ ಕಾಣುತ್ತಿತ್ತು.

ಬಸ್ಸಿನಲ್ಲಿ ಇಳಕಲ್ಲಿಗೆ ಮರಳಿದೆವು. ಇಳಿದ ಮೇಲೆ ವಸ್ತಾದರು ಅಂದರು:

"ಓಡಾಂವ ಓಡು. ನನ್ನ ಮಣ್ಣಿಗೆ ಇಳೀಬ್ಯಾಡ."

ಗರಡಿ ಬಾಗಿಲು ಮುಚ್ಚಿತು. ಹಾಲೂ ನಿಂತಿತು. ಪಾಳಿ ಇನ್ನೊಬ್ಬ ಹುಡುಗನಿಗೆ ಹೋಯಿತು. ನಾನು ಯಾರ ಮೇಲೂ ಸಿಟ್ಟಾಗಲಿಲ್ಲ. ಅವರು ಹೇಳಿದ್ದು ಕಣ್ಣೆದುರೇ ಆಗಿತ್ತು. ನಾನು ಓಟಗಾರನೂ ಆಗಿರಲಿಲ್ಲ, ಪೈಲ್ವಾನನಾಗಿಯೂ ಉಳಿದಿರಲಿಲ್ಲ. ಭರ್ತಿಗೆ ಎರಡೂ ಬೇಕಿತ್ತು. ಮುಂದಿನ ಭರ್ತಿ ದಾಟಿದರೆ ನನ್ನ ವಯಸ್ಸು ಮೀರುತ್ತಿತ್ತು. ಮೇಸ್ತ್ರಿ ಮತ್ತೆ ಒಂದು ಸಲ ನಮ್ಮ ಬಾಗಿಲಿಗೆ ಬಂದು ಹೋಗಿದ್ದ.

ಮನೆಗೆ ದುಡಿಮೆ ಬೇಕಿತ್ತು. ಹುನಗುಂದದಲ್ಲಿ ರೈತರ ಕಾಳು ತೂಗಿ ಮಾರಿಸುವ ಅಡತಿ ಅಂಗಡಿಯೊಂದರಲ್ಲಿ ಹಮಾಲಿ ಸಿಕ್ಕಿತು. ಬಂಡಿಯಿಂದ ಜೋಳದ ಚೀಲ ಇಳಿಸುವುದು, ಕಾಟಾದ ಮೇಲಿಟ್ಟು ತೂಗಿಸುವುದು, ಒಳಗೆ ಒಯ್ದು ಒಂದರ ಮೇಲೊಂದು ಥಪ್ಪಿ ಹಚ್ಚುವುದು. ಮೊದಲ ದಿನ ಬಸ್ಸಿಗೆ ಹೋದೆ. ಎರಡನೆಯ ದಿನ ಓಡಿ ಹೋದೆ. ಸಂಜೆ ಮಾತ್ರ ಬಸ್ಸು. ಹಮಾಲರು ನನ್ನನ್ನು ನೋಡಿ, ಇವನು ಬಸ್ಸಿನ ಹಿಂದೆ ಬಿದ್ದ ನಾಯಿ ಅಂತ ಆಡಿಕೊಂಡರು. ಚೀಲಕ್ಕೆ ಬೆನ್ನು ಕೊಟ್ಟ ಮೇಲೆ ಸುಮ್ಮನಾದರು.

ಆದರೂ ತಿಂಗಳಾಗುವಷ್ಟರಲ್ಲಿ ಮತ್ತೆ ಅದೇ ಕಥೆ. ಮಂಡಿ ಬಾತವು. ಮುಂಜಾನೆ ಎದ್ದರೆ ಕಾಲು ನೆಲಕ್ಕೆ ಊರಲು ಆಗುತ್ತಿರಲಿಲ್ಲ. ಒಂದು ಸೋಮವಾರ ಬೆಳಿಗ್ಗೆ ನಾನು ಗೋಡೆ ಹಿಡಿದು ಎದ್ದು ನಿಂತದ್ದನ್ನು ಅಪ್ಪ ನೋಡಿದ. ನಮ್ಮ ಕಡೆ ಸೋಮವಾರ ಎತ್ತಿನ ಹೆಗಲಿಗೆ ನೊಗ ಹಾಕುವುದಿಲ್ಲ. ಎಷ್ಟೇ ಹದ ಇರಲಿ, ಎಷ್ಟೇ ಅವಸರ ಇರಲಿ, ಆ ದಿನ ಅವು ಮೇಯುತ್ತವೆ, ಮಲಗುತ್ತವೆ. ಅಪ್ಪ ಹಾಸಿಗೆಯಿಂದಲೇ ಅಂದ:

"ಎತ್ತಿಗೂ ಸೋಮಾರ ಬಿಡುವು ಕೊಡ್ತಾರ. ನೀ ಎತ್ತಿಗಿಂತ ಹೆಚ್ಚಿನಾಂವೇನಲೇ? ಬೀಳು ಸುಮ್ನ."

ಬಿದ್ದುಕೊಂಡೆ. ಇಡೀ ದಿನ ಮಲಗಿದೆ. ಮಂಗಳವಾರ ಎತ್ತಿದ ಚೀಲ ಹಗುರ ಅನ್ನಿಸಿತು. ನನ್ನ ಬುದ್ಧಿಗೆ ಅಲ್ಲಿಂದ ಬೆಳಕು ಬಿತ್ತು. ಆಮೇಲೆ ಹೀಗೆ ಮಾಡಿದೆ. ಚೀಲ ಹೆಚ್ಚು ಬರುವ ದಿನ ಓಡುತ್ತಿರಲಿಲ್ಲ, ಬಸ್ಸಿಗೆ ಹೋಗುತ್ತಿದ್ದೆ. ಚೀಲ ಕಡಿಮೆ ಇದ್ದ ದಿನ ಉದ್ದ ಓಡುತ್ತಿದ್ದೆ, ಅದೂ ಮಾತಾಡಲು ಬರುವಷ್ಟು ನಿಧಾನಕ್ಕೆ. ವಾರಕ್ಕೊಮ್ಮೆ ಮಾತ್ರ ಜೀವ ಹೋಗುವ ಹಾಗೆ ಓಡುವುದು. ಓಡದ ದಿನ ಸಂಜೆ ಹಿತ್ತಲಲ್ಲಿ ದಂಡ, ಬೈಠಕ್. ಸೋಮವಾರ ಯಾವುದೂ ಇಲ್ಲ. ತಿನ್ನುವುದನ್ನೂ ಬದಲಿಸಿದೆ. ಮೊದಲು ತುಂಬಿ ತಿಂದು ದುಡಿಯುತ್ತಿದ್ದೆ. ಈಗ ದುಡಿದ ಮೇಲೆ ತಿನ್ನತೊಡಗಿದೆ. ಓಡಿ ಹೋಗಿ ಅಂಗಡಿಯ ಕಟ್ಟೆಯ ಮೇಲೆ ಕುಳಿತು ಜೋಳದ ರೊಟ್ಟಿ, ಹೆಸರುಕಾಳು ಪಲ್ಯ, ಖಾರದ ಶೇಂಗಾ ಹಿಂಡಿ. ನಡುವೆ ಒಂದು ಮುಷ್ಟಿ ಶೇಂಗಾ, ಒಂದು ಹೆಂಟೆ ಬೆಲ್ಲ. ಹಾಲಿನ ನೆನಪೂ ಆಗಲಿಲ್ಲ. ಅಂಗಿ ಹೆಗಲಲ್ಲಿ ಮತ್ತೆ ಬಿಗಿಯಾಗತೊಡಗಿತು. ಮೊದಲಿನ ಹಾಗೆ ಮೆತ್ತಗೆ ತುಂಬಿದ ಮೈ ಅಲ್ಲ, ಹಗ್ಗ ಹೊಸೆದಂಥ ಮೈ.

ಭರ್ತಿಗೆ ಎಷ್ಟು ತೂಕ ಬೇಕು ಅನ್ನುವುದು ನನಗೆ ಗೊತ್ತಿತ್ತು. ಬಾಗಲಕೋಟೆಗೆ ಮತ್ತೆ ಭರ್ತಿಯವರು ಬರುವ ಹಿಂದಿನ ದಿನ ಅಂಗಡಿಯ ಹಮಾಲರು ನನ್ನನ್ನು ಕಾಟಾದ ಮೇಲೆ ನಿಲ್ಲಿಸಿದರು. ಮುಳ್ಳು ಬೇಕಾದ ಗುರುತಿಗೆ ಬಂದು, ಅಲ್ಲೇ ನಡುಗುತ್ತ ನಿಂತಿತು. ಒಳಗೋ ಹೊರಗೋ ಹೇಳಲು ಬರುವಂತಿರಲಿಲ್ಲ. ನಮ್ಮಲ್ಲಿ ಹಿರಿಯ ಹಮಾಲ ನಕ್ಕು ಬಿಟ್ಟ.

"ಈ ಕಾಟಾ ಹುಟ್ಟಿದಾಗಿಂದ ರೈತರಿಗೆ ಹೆಚ್ಚು ತೋರಿಸಿದ್ದು ನಾ ನೋಡಿಲ್ಲ. ಇದರ ಮ್ಯಾಲ ಇಷ್ಟು ಬಂದೀ ಅಂದ್ರ ಖರೆ ತೂಕಾ ಹೆಚ್ಚೈತಿ. ನಡಿ."

ಅದು ಚೇಷ್ಟೆಯ ಮಾತೋ ಖರೆ ಮಾತೋ ತಿಳಿಯಲಿಲ್ಲ. ಅದನ್ನೇ ಹಿಡಿದುಕೊಂಡು ಬಾಗಲಕೋಟೆಗೆ ಹೋದೆ.

ಮೈದಾನದ ಗೇಟಿನ ಹತ್ತಿರ ಬೇವಿನ ಗಿಡದ ಕೆಳಗೆ ವಸ್ತಾದರು ನಿಂತಿದ್ದರು. ವರ್ಷದ ಮೇಲಾಗಿತ್ತು ಅವರು ನನ್ನ ಜೊತೆ ಮಾತಾಡಿ. ಮೊದಲ ಬಸ್ಸಿಗೆ ಬಂದಿದ್ದರು. ಕೈಯಲ್ಲಿ ಅದೇ ತಂಬಿಗೆ, ಅದರ ಬಾಯಿಗೆ ಒದ್ದೆ ಬಟ್ಟೆ ಕಟ್ಟಿತ್ತು. ಎದುರು ಮನೆಯ ಮುದುಕಿ ಹಾಲು ಕರೆದು ಕೊಟ್ಟಿದ್ದಳಂತೆ. ಬದಾಮಿ ಅವರು ತಾವೇ ಅರೆದಿದ್ದರು. ಸುತ್ತ ನೋಡಿದೆ. ತೂಕ ಕಡಿಮೆ ಇದ್ದ ಹುಡುಗರು ಬಾಳೆಹಣ್ಣು ನುಂಗುತ್ತಿದ್ದರು, ನಲ್ಲಿಗೆ ಬಾಯಿ ಹಚ್ಚಿ ನೀರು ಕುಡಿಯುತ್ತಿದ್ದರು.

"ತೊಗೊ. ಕುಡಿ" ಅಂದರು.

"ಕುಡದ್ರ ಓಡಾಕ ಆಗೂದಿಲ್ರಿ, ವಸ್ತಾದ್."

"ಕುಡೀಲಿಲ್ಲಂದ್ರ ನಿನ್ನ ಓಡೂತನಕ ಬಿಡೂದಿಲ್ಲಲೇ ಅವ್ರು."

ಇಬ್ಬರ ಮಾತೂ ಖರೆಯಾಗಿತ್ತು. ಆ ತಂಬಿಗೆಯನ್ನು ಬೇಡ ಅನ್ನುವುದು ಅಂದರೆ ಓಣಿಯನ್ನೇ ಬೇಡ ಅಂದ ಹಾಗೆ. ನನಗೆ ಹೋದ ಸಲದ ಮೈದಾನ ಕಣ್ಣಿಗೆ ಬಂತು. ಆಮೇಲೆ ಅಪ್ಪನ ಟವೆಲ್ಲು.

"ಓಡಿ ಬಂದು ಕುಡಿತೇನಿ. ನೀವು ಇಲ್ಲೇ ಕುಂದರ್ರಿ" ಅಂದೆ.

ಅವರು ತಂಬಿಗೆಯನ್ನು ಎರಡೂ ಕಾಲ ನಡುವೆ ಇಟ್ಟುಕೊಂಡು ಗಿಡದ ಬುಡಕ್ಕೆ ಕುಳಿತರು.

ತೂಕದ ಯಂತ್ರದ ಮೇಲೆ ನಿಂತಾಗ ನಾನು ಮುಳ್ಳು ನೋಡಲಿಲ್ಲ. ತೂಗಿದವನು ಬಗ್ಗಿ ನೋಡಿದ. ಇನ್ನೊಮ್ಮೆ ನೋಡಿದ. ಪಕ್ಕದವನನ್ನು ಕರೆದು ತೋರಿಸಿದ. ನಾನು ಅಷ್ಟು ಹೊತ್ತು ಮನಸ್ಸಿನೊಳಗೆ ಕ್ವಾರಿಯನ್ನೇ ನೋಡುತ್ತಿದ್ದೆ. ಕೆಂಪು ಕಲ್ಲು, ಬಿಳಿ ಧೂಳು, ಅಪ್ಪನ ಸುತ್ತಿಗೆ. ಕೊನೆಗೆ ಪಕ್ಕದವನು ತಲೆ ಆಡಿಸಿ ಮುಂದೆ ಹೋಗು ಅಂದ. ಹುನಗುಂದದ ಕಾಟಾ ರೈತರಿಗೆ ಮಾಡಿದ್ದು ದೇವರೇ ನೋಡಿಕೊಳ್ಳಲಿ. ನನಗೆ ಮೋಸ ಮಾಡಲಿಲ್ಲ.

ಎದೆ ಅಳತೆ ಕೇಳುವುದೇ ಬೇಡ. ಓಟದ ಬಗ್ಗೆ ಹೆಚ್ಚು ಹೇಳುವುದಿಲ್ಲ. ಮೊದಲ ಸುತ್ತು ಹಿಂದೆ ಉಳಿದೆ, ಬೇಕಂತಲೇ ಉಳಿದೆ. ಬಾಳೆಹಣ್ಣು ತಿಂದವರು ಒಬ್ಬೊಬ್ಬರೇ ಹೊಟ್ಟೆ ಹಿಡಿದು ಪಕ್ಕಕ್ಕೆ ಸರಿದರು. ಕಡ್ಡಿಯಂಥ ಹುಡುಗರು ಮುಂದೆ ಇದ್ದರು. ಕೊನೆಯ ಸುತ್ತಿನಲ್ಲಿ ಚೀಲ ಹೊತ್ತ ತೊಡೆ ಕೆಲಸಕ್ಕೆ ಬಂದವು. ಅವರಲ್ಲಿ ಎಷ್ಟೋ ಜನರನ್ನು ದಾಟಿದೆ. ಗೆರೆ ಮುಟ್ಟಿದ ಮೇಲೂ ನಿಂತೇ ಇದ್ದೆ. ಡಾಕ್ಟರ ತಪಾಸಣೆಯೂ ಮುಗಿದು, ನನ್ನನ್ನು ಆಯ್ದವರ ಸಾಲಿಗೆ ಸೇರಿಸಿದಾಗ ಬಿಸಿಲು ನೆತ್ತಿ ದಾಟಿತ್ತು.

ಗೇಟಿನ ಹೊರಗೆ ಬಂದರೆ ವಸ್ತಾದರು ಅಲ್ಲೇ ಇದ್ದರು. ನೆರಳು ಅತ್ತ ಸರಿದಿತ್ತು. ತಲೆಯ ಮೇಲಿನ ಟೋಪಿಯನ್ನು ತೆಗೆದು ತಂಬಿಗೆಗೆ ಮುಚ್ಚಿ, ತಾವು ಬಿಸಿಲಲ್ಲಿ ಕುಳಿತಿದ್ದರು. ಆತು ಅಂದೆ. ಅವರು ತಲೆ ಎತ್ತದೆ ಬಟ್ಟೆಯ ಗಂಟು ಬಿಚ್ಚಿದರು. ಹಾಲು ಒಡೆದಿತ್ತು. ತಿಳಿ ಬೇರೆ, ಗಟ್ಟಿ ಬೇರೆ, ನಡುವೆ ಬದಾಮಿ ಚೂರು. ಇಬ್ಬರೂ ಅದನ್ನೇ ನೋಡುತ್ತ ಕುಳಿತೆವು. ಚೆಲ್ಲುತ್ತಾರೆ ಅಂದುಕೊಂಡೆ. ಅವರು ತಂಬಿಗೆ ಎತ್ತಿ ತಾವೇ ಮೊದಲ ಗುಟುಕು ಕುಡಿದರು. ಆಮೇಲೆ ನನಗೆ ಕೊಟ್ಟರು. ಹುಳಿಯಾಗಿತ್ತು. ತಳ ಕಾಣುವವರೆಗೆ ಕುಡಿದೆ.

ಅವರು ಆಮೇಲೂ ಓಟದ ಬಗ್ಗೆ ಒಂದು ಒಳ್ಳೆಯ ಮಾತು ಆಡಲಿಲ್ಲ. ಬಸ್ಸಿನಲ್ಲಿ ನನ್ನ ತೋಳು ಹಿಸುಕಿ ನೋಡಿ, ಇನ್ನಷ್ಟು ಬರಬೇಕಿತ್ತು ಅಂದರು.

ಮನೆಗೆ ಬಂದಾಗ ಓಣಿಯಲ್ಲಿ ಮಗ್ಗಗಳು ನಡೆದಿದ್ದವು. ಅಪ್ಪ ಗೋಡೆಗೆ ಒರಗಿ ಕುಳಿತಿದ್ದ. ವಿಷಯ ಹೇಳಿದೆ. ಅವ್ವ ಕೈಯಲ್ಲಿದ್ದ ಕಂಡಿಕೆ ಕೆಳಗಿಟ್ಟಳು. ಅಪ್ಪ ಹತ್ತಿರ ಕರೆದು, ಅಂಗಿ ತೆಗೆ ಅಂದ. ತೆಗೆದು ಎದುರಿಗೆ ಕುಳಿತೆ. ಅವನು ಎರಡೂ ಅಂಗೈಗಳನ್ನು ನನ್ನ ಎದೆಯ ಅಕ್ಕಪಕ್ಕ ಇಟ್ಟ. ಕಲ್ಲಿನಷ್ಟೇ ಒರಟು ಕೈ.

"ಉಸರ ಎಳ್ಕೊ" ಅಂದ.

ಎಳೆದುಕೊಂಡೆ. ಅವನ ಎರಡೂ ಕೈಗಳು ದೂರ ದೂರ ಸರಿದವು. ಸಾಕು ಅನ್ನುತ್ತಾನೇನೋ ಅಂತ ಕಾದೆ. ಅವನು ಅನ್ನಲಿಲ್ಲ, ಕೈಯನ್ನೂ ತೆಗೆಯಲಿಲ್ಲ. ಅವನು ತೆಗೆಯುವವರೆಗೆ ನಾನು ಉಸಿರು ಬಿಡಲಿಲ್ಲ.