ಎರಡು ತೀರ್ಪಿನ ಸಿನಿಮಾ

ಇಸ್ತ್ರಿಯಕ್ಕ ಸುಮ್ಮನೆ ಯಾರನ್ನೂ ನಂಬುವ ಹೆಂಗಸಲ್ಲ. ಮಡಿಸಿ ತಂದ ಬಟ್ಟೆಯನ್ನೂ ಬಿಚ್ಚಿ, ಕಾಲರ್ ಮೂಸಿ ನೋಡಿಯೇ ಒಳಗಿಟ್ಟುಕೊಳ್ಳುವವಳು. ಅಂಥವಳು, ಪಕ್ಕದ ಬೀದಿಯ ಹಳೇ ಶಾಲೆಯನ್ನು ಸೇನಾ ನ್ಯಾಯಾಲಯ ಮಾಡಿಕೊಂಡು ಹಿಂದಿ ಸಿನಿಮಾ ತೆಗೆಯಲು ಬಂದವರ ಸಮವಸ್ತ್ರಗಳಿಗೆ ಇಸ್ತ್ರಿ ಹಾಕಲು ಒಪ್ಪಿಕೊಂಡದ್ದು ಒಂದೇ ಕಾರಣಕ್ಕೆ. ಅದು ಅವಳ ಗಂಡನ ಕಥೆ. ಕೊನೆಗೆ ಅವನನ್ನು ಏನು ಮಾಡುತ್ತಾರೋ ಅವಳಿಗೆ ತಿಳಿಯಬೇಕಿತ್ತು.

ಗಂಡ ಸಿಪಾಯಿಯಾಗಿದ್ದ. ಮದ್ದುಗುಂಡಿನ ಉಗ್ರಾಣಕ್ಕೆ ಬೆಂಕಿ ಬಿದ್ದು ಜೊತೆಗಾರನೊಬ್ಬ ಸತ್ತಾಗ ಇವನು ಕಾವಲಿನ ಜಾಗದಲ್ಲಿ ಇರಲಿಲ್ಲ. ಸಾಹೇಬರ ಆರ್ಡರ್ ಇತ್ತು ಅಂದ. ಸಾಹೇಬರು ಇಲ್ಲವೆಂದರು. ಯಾರ ಮಾತು ನಡೆಯಿತೆಂದು ಬಿಡಿಸಿ ಹೇಳಬೇಕೆ? ಕೆಲಸ ಕಳೆದುಕೊಂಡು ಬಂದವನು ಆಮೇಲೆ ಆ ಸುದ್ದಿಗೆ ಬಾಯಿ ಹೊಲಿದುಕೊಂಡ. ಕಥೆ ಕೇಳಲು ಬಂದ ಸಿನಿಮಾ ಬರಹಗಾರನ ಮುಖದ ಮೇಲೆಯೇ ಬಾಗಿಲು ಹಾಕಿದ. ಬರಹಗಾರನೋ, ಹಳೇ ಪತ್ರಿಕೆ ಕೆದಕಿ ಹೆಸರು ಬದಲಿಸಿ ಬರೆದುಬಿಟ್ಟ. ಬಡವನ ಮಾನ ತಾನೇ, ಕೇಳುವವರು ಯಾರು!

ಮೊದಲ ದಿನವೇ ಅವಳಿಗೆ ಕೊನೆ ಹೇಗಿರುತ್ತದೆಂಬ ವಾಸನೆ ಬಡಿಯಿತು. ದೊಡ್ಡ ಹೀರೋ ತೊಟ್ಟದ್ದು ಸಿಪಾಯಿಯ ವಿರುದ್ಧ ವಾದಿಸುವ ಮೇಜರನ ಅಂಗಿ.

“ಹೀರೋ ಸೋತುಹೋಗೋ ಸಿನಿಮಾ ಯಾವ್ದಾದ್ರೂ ಇದ್ಯೇನಣ್ಣಾ?” ಎಂದು ಉಡುಪು ನೋಡಿಕೊಳ್ಳುವವನನ್ನು ಕೇಳಿದಳು.

“ಅವ್ರು ಸೋತ್ರೆ ಟಿಕೆಟ್ ನೀನು ತಗೋತೀಯಾ?” ಎಂದು ಅವನು ನಕ್ಕ.

ಸಾಹೇಬರ ಪಾತ್ರಕ್ಕೆ ತಂದವನು, ಸಿನಿಮಾದಿಂದ ಸಿನಿಮಾಕ್ಕೆ ದೇವರಂಥ ಅಪ್ಪನಾಗುವ ನಟ. ಆ ಮುಖ ಸುಳ್ಳು ಹೇಳಿತೆಂದರೆ ಯಾರು ನಂಬುತ್ತಾರೆ? ಸಿಪಾಯಿಯಾಗಿ ನಿಂತವನು ಮಾತ್ರ ಹೊಸಬ, ಕಣ್ಣಲ್ಲಿ ಕಣ್ಣಿಟ್ಟು ನೋಡಲಾಗದ ಹುಡುಗ. ಸಾಕ್ಷಿ ಬಾಯಿ ಬಿಡುವ ಮೊದಲೇ ಇವರು ಮುಖ ಆರಿಸಿ ತೀರ್ಪು ಬರೆದಿಟ್ಟಿದ್ದಾರೆ ಎಂದು ಅವಳು ಹಲ್ಲು ಕಡಿದಳು.

ತೀರ್ಪಿನ ದಿನ ಕಿಟಕಿಗೆ ಮುಖ ಒತ್ತಿ ನೋಡಿದಳು. ಬೆಳಗ್ಗೆ ಸಿಪಾಯಿ ತಪ್ಪಿತಸ್ಥನಾದ. ಊಟವಾದ ಮೇಲೆ ಅದೇ ನ್ಯಾಯಾಧೀಶ ಅದೇ ಕುರ್ಚಿಯಲ್ಲಿ ಕೂತು ಅವನನ್ನು ನಿರ್ದೋಷಿ ಎಂದ.

“ಇದೇನಣ್ಣಾ ನಾಟ್ಕ?” ಎಂದು ಉಡುಪಿನವನನ್ನು ಕೇಳಿದಳು.

“ಎರಡೂ ತೆಗೆದಿಟ್ಕೋತಾರೆ. ಜನ ಯಾವ್ದಕ್ಕೆ ಚಪ್ಪಾಳೆ ಹೊಡೀತಾರೆ ಅನ್ಸತ್ತೋ ಅದನ್ನ ಇಡ್ತಾರೆ.”

ಸತ್ತವನೊಬ್ಬ, ಬದುಕಿ ಸತ್ತಂತಿರುವವನೊಬ್ಬ. ಇವರಿಗೆ ಚಪ್ಪಾಳೆಯ ಲೆಕ್ಕ! ಅವಳಿಗೆ ಮೈಯೆಲ್ಲ ಉರಿದುಹೋಯಿತು. ಮರಳಿ ಬಂದು ಇಸ್ತ್ರಿ ಹಾಕುತ್ತಿದ್ದಾಗ ಸಿಪಾಯಿ ಪಾತ್ರದ ಹುಡುಗ ಅಂಗಿಗಾಗಿ ಬಂದ.

“ಅಕ್ಕಾ, ನಿಮ್ಮ ಯಜಮಾನ್ರ ಕಥೆಯಂತೆ. ಎರಡು ಥರಾನೂ ಮಾಡ್ಬಿಟ್ಟೆ. ಯಾವ್ದು ನಿಜ ಅಕ್ಕಾ?”

ನಿರ್ದೋಷಿ ಎಂದದ್ದೇ ನಿಜ ಎನ್ನಲು ಬಾಯಿ ತೆರೆದಳು. ಕೈಯಲ್ಲಿದ್ದ ಇಸ್ತ್ರಿಪೆಟ್ಟಿಗೆ ನಿಂತಲ್ಲೇ ನಿಂತು ಅಂಗಿ ಸೀದ ವಾಸನೆ ಬಂತು. ಊರವರನ್ನೆಲ್ಲ ಅನುಮಾನದಿಂದ ನೋಡಿದವಳಿಗೆ, ಇಷ್ಟು ವರ್ಷ ಪಕ್ಕದಲ್ಲಿ ಕೂತು ಉಂಡವನನ್ನೂ ತಾನು ಪೂರ್ತಿ ನಂಬಿರಲಿಲ್ಲವೆಂದು ಗೊತ್ತಾದದ್ದು ಆಗಲೇ.

ಮನೆಯಲ್ಲಿ ಗಂಡ ಗಿರಾಕಿಗಳ ಬಟ್ಟೆ ಮಡಿಸುತ್ತಿದ್ದ.

“ಏನ್ ಮಾಡಿದ್ರು ನನ್ನ?” ತಲೆಯೆತ್ತದೆ ಕೇಳಿದ.

“ಅವ್ರ ಮನೆ ಹಾಳಾಗ್ಲಿ. ರೀ, ಈಗ ನಾನು ಕೇಳ್ತೀನಿ. ಆವತ್ತು ಕಾವಲು ಬಿಟ್ಟು ಯಾಕೆ ಹೋದ್ರಿ?”

ಅವನ ಕೈ ನಿಂತಿತು. ಸೇನೆಯ ನ್ಯಾಯಾಲಯ ಆರ್ಡರ್ ಇತ್ತೋ ಇಲ್ಲವೋ ಎಂದಷ್ಟೇ ಕೇಳಿತ್ತು. ಎಲ್ಲಿಗೆ, ಯಾಕೆ ಹೋದೆನೆಂದು ಹೇಳಹೊರಟಾಗ ಸುಮ್ಮನಿರಿಸಿತ್ತು. ಆವತ್ತು ನ್ಯಾಯಾಧೀಶರ ಮುಂದೆ ನಿಂತಂತೆ ಅವನು ಎದ್ದುನಿಂತ, ಎರಡೂ ಕೈ ತಾವಾಗಿಯೇ ತೊಡೆಗೆ ಅಂಟಿಕೊಂಡವು, ಬೆನ್ನು ನೆಟ್ಟಗಾಯಿತು.

“ಅಯ್ಯೋ, ಕೂತ್ಕೊಂಡು ಹೇಳಿ,” ಎಂದು ಅವಳು ಕುರ್ಚಿ ಎಳೆದಳು.