ಬೂಟಿನೊಳಗಿನ ಮಣ್ಣು

ಮನೆ ಖಾಲಿ ಮಾಡುವಾಗ ಬೂಟಿನ ಡಬ್ಬಗಳನ್ನು ಕೊನೆಗೆ ಉಳಿಸಿಕೊಳ್ಳಬಾರದು. ನಾನು ಉಳಿಸಿಕೊಂಡೆ. ಪಾತ್ರೆ, ಬಟ್ಟೆ, ದೇವರ ಪಟ ಎಲ್ಲ ಕಟ್ಟಿಯಾದ ಮೇಲೆ ಸೊಂಟ ನೆಟ್ಟಗೆ ಮಾಡಲಾಗದೆ ನೆಲದ ಮೇಲೆ ಕೂತವಳು, ಮಗ ಮೇಲಿನ ಕಪಾಟಿನಿಂದ ಇಳಿಸಿಟ್ಟಿದ್ದ ಒಂದು ಡಬ್ಬದ ಮುಚ್ಚಳ ತೆಗೆದೆ. ಅರ್ಧ ಮಣ್ಣಿನದು, ಅರ್ಧ ಹೊಗೆಯದು ಎನ್ನಬಹುದಾದ ವಾಸನೆ ಬಂತು. ಅಬುಧಾಬಿಯಲ್ಲಿ ಅಂಥ ವಾಸನೆ ಇಲ್ಲ.

ಒಳಗಿದ್ದದ್ದು ನನ್ನ ಗಂಡನ ಬೂಟು. ಅವರು ತೀರಿಕೊಂಡು ಎಂಟು ತಿಂಗಳಾಯಿತು. ಟೂರಿಸ್ಟ್ ಕ್ಲಬ್ ಏರಿಯಾದ ಈ ಮನೆ ಬಿಟ್ಟು ನಾನಿನ್ನು ದುಬೈಯ ಊದ್ ಮೇಥಾದಲ್ಲಿ ಮಗನ ಜೊತೆ ಇರಬೇಕು. ಏರಿಯಾಕ್ಕೂ ಈಗ ಬೇರೆ ಹೆಸರು ಬಂದಿದೆ. ಬೋರ್ಡಿನಲ್ಲಿ ಹೊಸದು, ಟ್ಯಾಕ್ಸಿಯವರ ಬಾಯಲ್ಲಿ ಹಳೆಯದು. ನನಗೂ ಹೊಸದನ್ನು ಕಲಿಯುವಷ್ಟು ತ್ರಾಣವಿಲ್ಲ.

ಮಗ ಇಣುಕಿ ನೋಡಿ, "ಅಮ್ಮಾ, ಕೆಳಗೆ ಡೊನೇಷನ್ ಬಾಕ್ಸ್ ಉಂಟಲ್ಲ, ಜಸ್ಟ್ ಡ್ರಾಪ್ ಇಟ್ ದೇರ್" ಎಂದ. ಅವನು ಹೇಳಿದ್ದು ಸರಿಯೇ. ಬರೀ ಐದು ದಿನ ಹಾಕಿದ ಬೂಟು, ಯಾರಿಗಾದರೂ ಆದೀತು. ಕೊಡುವ ಮೊದಲು ಒರೆಸೋಣವೆಂದು ತಿರುಗಿಸಿ ನೋಡಿದರೆ ಹೊರಗೆ ಚೂರೂ ಕೊಳೆ ಇಲ್ಲ. ಒಳಗೆ, ಪಾದ ಊರುವಲ್ಲಿ, ಕಪ್ಪು ಮಣ್ಣು ಒಣಗಿ ಅಂಟಿಕೊಂಡಿತ್ತು. ಹೊರಗೆ ಇರಬೇಕಾದದ್ದು ಒಳಗೆ ಹೇಗೆ ಬಂತು? ನೀವಾದರೂ ಹೀಗೆಯೇ ಯೋಚಿಸುತ್ತಿದ್ದಿರಿ.

ಅವರು ರಸ್ತೆ ಕಂಪನಿಯಲ್ಲಿ ಸರ್ವೆಯರ್. ರುವೈಸ್ ಕಡೆಯ ಮರಳಿನಲ್ಲಿ ರಸ್ತೆ ಎಲ್ಲಿ ಹಾಯಬೇಕೋ ಅಲ್ಲಿ ಅಳೆದು ಗೂಟ ಹೊಡೆಸುವುದು ಅವರ ಕೆಲಸ. ಮನೆಗೆ ಬರುವುದು ಗುರುವಾರ ಸಂಜೆ, ಹಿಂತಿರುಗುವುದು ಶನಿವಾರ. ಸೈಟಿನ ಕ್ಯಾಬಿನ್ನಿನಲ್ಲಿ ಎದುರು ಮೇಜಿನವನು ಒಬ್ಬ ಐರಿಷ್ ಇಂಜಿನಿಯರ್. ಕಾದ ತಗಡಿನ ಕೆಳಗೆ ಕೂತು ಆತ ತನ್ನ ಊರಿನ ಮಳೆ, ಕಡಲು, ಕಲ್ಲುಗೋಡೆಗಳ ಕತೆ ಹೇಳುತ್ತಿದ್ದನಂತೆ. ಅವುಗಳಲ್ಲಿ ಇವರ ತಲೆಗೆ ಹೊಕ್ಕದ್ದು ಎಲ್ಲಿಗೂ ಹೋಗದ ಒಂದು ರಸ್ತೆಯ ಕತೆ.

ನೂರೆಪ್ಪತ್ತು ವರ್ಷಗಳ ಹಿಂದೆ ಅಲ್ಲಿ ಆಲೂಗಡ್ಡೆ ನೆಲದಲ್ಲೇ ಕೊಳೆತುಹೋಯಿತು. ಜನ ಹಸಿವಿನಿಂದ ಸಾಯತೊಡಗಿದರು. ಸುಮ್ಮನೆ ಊಟ ಹಾಕಲು ಮನಸ್ಸಿಲ್ಲದ ಸರಕಾರ, ಕಲ್ಲು ಒಡೆದು ರಸ್ತೆ ಮಾಡಿ, ಕೂಲಿ ಕೊಡುತ್ತೇವೆ ಎಂದಿತು. ಆ ರಸ್ತೆ ಯಾರಿಗೂ ಬೇಕಿರಲಿಲ್ಲ. ಕೆಲಸ ನಿಲ್ಲಿಸಲು ಆದೇಶ ಬಂದ ದಿನ ಅದು ಗುಡ್ಡದಲ್ಲಿ ಎಲ್ಲಿಯವರೆಗೆ ಹೋಗಿತ್ತೋ ಅಲ್ಲಿಗೆ ನಿಂತಿತು. ಈಗಲೂ ಅಲ್ಲಿಯೇ ನಿಂತಿದೆ.

"ಇಷ್ಟು ವರ್ಷ ಎಲ್ಲಿಗಾದ್ರೂ ಹೋಗುವ ರಸ್ತೆಯೇ ಮಾಡಿದ್ದು ಮಾರಾಯ್ತಿ," ಎಂದರು ಒಂದು ಶುಕ್ರವಾರ, ಮೀನುಸಾರು ಉಣ್ಣುತ್ತ. "ಹೋಗದ್ದು ಹೇಗುಂಟು ಅಂತ ಒಮ್ಮೆ ನೋಡ್ಬೇಕು."

ಹಾಗೆ ಎರಡು ವರ್ಷದ ಹಿಂದೆ, ಉಳಿದವರೆಲ್ಲ ರಜೆಗೆ ಊರಿನ ವಿಮಾನ ಹತ್ತುವಾಗ, ನಾವು ಐರ್ಲೆಂಡಿಗೆ ಹೋದೆವು. ಅವರು ಬೂಟು ಕೊಂಡರು. ನಾನು ಅವಲಕ್ಕಿ, ಉಪ್ಪಿನಕಾಯಿ, ಎರಡು ಕಿಲೋ ಕುಚ್ಚಲಕ್ಕಿ ಕಟ್ಟಿಕೊಂಡೆ. ಅಲ್ಲಿನ ಪಡುವಣ ಕಡಲಿನ ಪಕ್ಕ ಆ ಇಂಜಿನಿಯರನ ಅಕ್ಕ ನೋರಾ ಅವರ ಮನೆಯಲ್ಲಿ ಉಳಿದೆವು. ಅಲ್ಲಿ ಒಲೆಗೆ ಸೌದೆ ಇಲ್ಲ. ಜೌಗು ನೆಲದ ಕಪ್ಪು ಮಣ್ಣನ್ನು ಇಟ್ಟಿಗೆಯಂತೆ ಕತ್ತರಿಸಿ, ಒಣಗಿಸಿ, ಅದನ್ನೇ ಉರಿಸುತ್ತಾರೆ. ಮನೆ, ಬಟ್ಟೆ, ಬ್ರೆಡ್ಡು ಎಲ್ಲಕ್ಕೂ ಅದರದೇ ವಾಸನೆ. ಮೊದಲ ದಿನ ನಾನು ಅರ್ಧ ಆಲೂಗಡ್ಡೆ ತಟ್ಟೆಯಲ್ಲಿ ಬಿಟ್ಟೆ. ನೋರಾ ಅದನ್ನು ಬಟ್ಟಲಿಗೆ ಹಾಕಿ ಮುಚ್ಚಿಟ್ಟರು. ಆ ಕ್ಷಾಮದ ಇತಿಹಾಸವನ್ನು ನನಗೆ ಕಲಿಸಿದ್ದು ಆ ಬಟ್ಟಲು.

ಮರುದಿನ ನೋರಾ ಹೊಲದ ನಡುವೆ ಒಂಟಿಯಾಗಿ ನಿಂತಿದ್ದ ಮುಳ್ಳಿನ ಮರ ತೋರಿಸಿ, ಇದರ ಕೆಳಗೆ ಕಣ್ಣಿಗೆ ಕಾಣದವರಿದ್ದಾರೆ, ಯಾರೂ ಕಡಿಯುವುದಿಲ್ಲ ಎಂದರು. ಕೇಳಿದ್ದೇ ತಡ, ನಮ್ಮವರು ಬಗ್ಗಿ ಬೂಟು ಬಿಚ್ಚಿದರು. ನಾಗಬನದ ಹತ್ತಿರ ಚಪ್ಪಲಿ ಹಾಕಿಕೊಂಡು ಹೋಗಿ ಗೊತ್ತಿಲ್ಲದ ಮನುಷ್ಯ. ಹಸಿ ಹುಲ್ಲಿನಲ್ಲಿ ಬರಿಗಾಲಲ್ಲಿ ನಿಂತವರನ್ನು ನೋಡಿ ನೋರಾ ನಕ್ಕರು. ಮರದಡಿಯವರು ಅಷ್ಟೆಲ್ಲ ಕೇಳುವುದಿಲ್ಲಪ್ಪ, ನಿನಗೇ ಶೀತವಾದೀತು ಎಂದರು.

ನಾಲ್ಕನೆಯ ದಿನ ರಸ್ತೆ ನೋಡಲು ಹೊರಟೆವು. ಎರಡೂ ಬದಿ ಕಲ್ಲುಗೋಡೆ, ನಡುವೆ ಹುಲ್ಲು ಬೆಳೆದ ದಾರಿ, ಹಿಂದೆ ಕಡಲು. ಅವರು ಕಲ್ಲುಗಳನ್ನು ತಟ್ಟಿ ನೋಡುತ್ತ, ಹಸಿದವರ ಕೆಲಸ ಎಷ್ಟು ನೇರ ಉಂಟು ನೋಡು ಎನ್ನುತ್ತ ಮುಂದೆ ನಡೆದರು. ಅರ್ಧ ದಾರಿಯಲ್ಲಿ ಮಳೆ ಹನಿಯಿತು. ನನ್ನ ಮೊಣಕಾಲು ನೋಯುತ್ತಿತ್ತು. ಗೋಡೆಯ ಮೇಲೆ ಕೂತುಬಿಟ್ಟೆ.

"ಕೊನೆಯಲ್ಲಿ ಎಂತ ಉಂಟು? ಹುಲ್ಲು. ಹುಲ್ಲು ನೋಡ್ಲಿಕ್ಕೆ ಅಬುಧಾಬಿಯಿಂದ ಬರ್ಬೇಕಿತ್ತಾ?"

"ಹುಲ್ಲು ನೋಡ್ಲಿಕ್ಕೆ ಅಬುಧಾಬಿಯಿಂದ್ಲೇ ಬರ್ಬೇಕು."

ನೀವು ಹೋಗಿ ಬನ್ನಿ ಎಂದೆ. ಅವರು ಗುಡ್ಡದ ಕಡೆ ಒಮ್ಮೆ ನೋಡಿದರು.

"ನಾನೊಬ್ಬನೇ ನೋಡಿ ಎಂತ ಮಾಡುದು? ಮುಂದಿನ ಸಲ ಬರುವ."

ಮುಂದಿನ ಸಲ ಬರಲಿಲ್ಲ. ಒಂದು ಬುಧವಾರ ಬೆಳಿಗ್ಗೆ ರುವೈಸ್‌ನ ಕಂಪನಿ ಕೋಣೆಯಲ್ಲಿ ಅವರು ಎದ್ದಿರಲಿಲ್ಲ. ಹೃದಯ, ಎಂದರು ಡಾಕ್ಟರು. ಗಂಡ ಸತ್ತವಳಿಗೆ ನೂರು ಪಶ್ಚಾತ್ತಾಪ ಇರುತ್ತದೆ ಎಂದು ನೀವು ತಿಳಿದಿರಬಹುದು. ನನಗೆ ಒಂದೇ. ಜೀವಮಾನದಲ್ಲಿ ತನಗಾಗಿ ಆ ಮನುಷ್ಯ ಕೇಳಿದ್ದು ಒಂದು ರಸ್ತೆಯ ಕೊನೆ. ನಾನು ಕೂತುಬಿಟ್ಟೆ. ನೋರಾ ಅವರಿಂದ ಸಂತಾಪದ ಪತ್ರ ಬಂದಾಗ ಉತ್ತರಿಸುವ ಧೈರ್ಯವೂ ಆಗಲಿಲ್ಲ.

ಈಗ ಬೂಟಿನ ಒಳಗಿನ ಮಣ್ಣಿನ ಫೋಟೋ ತೆಗೆದು ಅವರಿಗೆ ವಾಟ್ಸಾಪಿನಲ್ಲಿ ಕಳಿಸಿದೆ. ಇದು ನಿಮ್ಮ ಊರಿನದೇ ಅಲ್ಲವೇ ಎಂದಷ್ಟೇ ಬರೆದೆ. ಮಧ್ಯಾಹ್ನದ ಹೊತ್ತಿಗೆ ಧ್ವನಿ ಸಂದೇಶ ಬಂತು. ಅವರ ಇಂಗ್ಲಿಷ್ ನನಗೆ ಒಂದೇ ಸಲಕ್ಕೆ ಸಿಗುವುದಿಲ್ಲ. ಮೂರು ಸಲ ಕೇಳಿದೆ. ನಾವು ಹೊರಡುವ ದಿನ, ನಾನಿನ್ನೂ ಮಲಗಿದ್ದಾಗ, ನನ್ನ ಗಂಡ ಬೆಳಕು ಹರಿಯುತ್ತಲೇ ಗುಡ್ಡ ಹತ್ತಿದ್ದರಂತೆ. ಏಳು ಗಂಟೆಗೆ ವಾಪಸು ಬಂದಾಗ ಪ್ಯಾಂಟು ಮೊಣಕಾಲಿನವರೆಗೆ ಮಡಚಿತ್ತು, ಬೂಟು ಕೈಯಲ್ಲಿತ್ತು. ಮುಳ್ಳಿನ ಮರಕ್ಕೆ ಸರಿ, ರಸ್ತೆಗೂ ಏಕೆ ಎಂದು ನೋರಾ ಬೈದರಂತೆ. ಅಂಗಳದ ಕಲ್ಲಿನ ಮೇಲೆ ಕೂತು, ಕೆಸರು ಕಾಲನ್ನೇ ಬೂಟಿಗೆ ತೂರಿಸುತ್ತ ಇವರು, ಹೊಟ್ಟೆಗಿಲ್ಲದವರು ಮಾಡಿದ ರಸ್ತೆ, ಬೂಟು ಹಾಕಿ ಮೆಟ್ಟಲು ಮನಸ್ಸಾಗಲಿಲ್ಲ ಎಂದರಂತೆ.

ಸಂದೇಶದ ಕೊನೆಯಲ್ಲಿ ನೋರಾ ಹೇಳಿದ್ದು ಇಷ್ಟು: "ಅವಳಿಗೆ ಹೇಳಬೇಡಿ ಎಂದಿದ್ದ. ಮುಂದಿನ ಸಲ ಕರೆತರುತ್ತೇನೆ, ಆಗ ನಾನೂ ಮೊದಲ ಸಲ ನೋಡುವವನಂತೆ ಇರಬೇಕು ಎಂದಿದ್ದ. ಕೊನೆಯಲ್ಲಿ ಏನಿತ್ತು ಎಂದು ಕೇಳಿದೆ. ಹುಲ್ಲು ಎಂದ. ಅವಳು ಹೇಳಿದ್ದೇ ಸರಿ ಎಂದು ನಕ್ಕ."

ಸುಳ್ಳು ಹೇಳಲು ಬಾರದ ಮನುಷ್ಯ. ಸೈಟಿನ ಬೂಟನ್ನು ಪ್ರತಿ ಗುರುವಾರ ಒಳಗೂ ಹೊರಗೂ ತಿಕ್ಕುತ್ತಿದ್ದವರು, ಇದನ್ನು ಹೊರಗಷ್ಟೇ ಒರೆಸಿ ಡಬ್ಬದಲ್ಲಿಟ್ಟು ಮೇಲಿನ ಕಪಾಟಿಗೆ ಸೇರಿಸಿದ್ದರು. ನನ್ನ ಕೈಗೆ ಎಟುಕದ ಕಪಾಟು ಅದು.

ಮಗ ಕೊನೆಯ ಪೆಟ್ಟಿಗೆ ಹೊತ್ತು ಹೊರಗಿನಿಂದ ಕರೆದ. "ಅಮ್ಮಾ, ಲಿಫ್ಟ್ ಬಂತು. ಶೂ ಕೊಡು, ಬಾಕ್ಸಿಗೆ ಹಾಕ್ತೇನೆ."

"ನೀನು ಹೋಗ್ತಾ ಇರು," ಎಂದೆ.

ಚಪ್ಪಲಿ ಬಿಚ್ಚಿ ಚೀಲಕ್ಕೆ ಹಾಕಿದೆ. ಬೂಟಿನೊಳಗೆ ಪಾದ ಇಟ್ಟೆ. ನನಗೆ ಮೂರು ನಂಬರು ದೊಡ್ಡದು. ಹಿಮ್ಮಡಿಯ ಕೆಳಗೆ ಒಣಮಣ್ಣು ಸಣ್ಣಗೆ ಪುಡಿಯಾಯಿತು. ಎದ್ದು ಬಾಗಿಲು ಎಳೆದುಕೊಂಡು, ಖಾಲಿ ಕಾರಿಡಾರಿನ ಕೊನೆಯವರೆಗೂ ನಡೆದೆ.